ನವೆಂಬರ್‌ನಲ್ಲಿ ಹುಟ್ಟಿದ ಕರುವಿಗೆ ಲಸಿಕೆ ಯಾವಾಗ?

ನೀವು ಬಯಲುಸೀಮೆಯಿಂದ ಬಂದು ಶಿರಸಿ ಕಡೆ ದನ ಕಟ್ಟಿದ್ದೀರಿ, ಕರು ನವೆಂಬರ್‌ನಲ್ಲಿ ಹುಟ್ಟಿದೆ ಅಂದಿರಿ. ನಾನು ಘಟ್ಟದ ಕೆಳಗಿನವನು, ಕಾರವಾರದ ಮಾಜಾಳಿ ಕಡೆ, ಗೋವಾ ಗಡಿಯ ಹತ್ತಿರ. ನಮ್ಮ ಪಕ್ಕದ ಮನೆಯವರು ಕರುವಿಗೆ ಕೊಂಕಣಿಯಲ್ಲಿ ವಾಸ್ರೂಂ ಅನ್ನುತ್ತಾರೆ. ಆದರೆ ಲಸಿಕೆಯ ಲೆಕ್ಕ ಎಲ್ಲರದ್ದೂ ಒಂದೇ. ಜೂನ್ ಮಳೆಯಿಂದ ಹಿಂದಕ್ಕೆ ಎಣಿಸಬೇಕು.

ಗಂಟಲು ಊದುವ ಗಳಲೆ ರೋಗ, ತೊಡೆ-ಭುಜದ ಮಾಂಸ ಊದುವ ಚಪ್ಪೆ ರೋಗ ಎರಡೂ ಮಳೆ ಹಿಡಿದ ಮೇಲೆ ಜಾಸ್ತಿ. ಚಪ್ಪೆಯ ಬೀಜಾಣು ಮಣ್ಣಿನಲ್ಲೇ ವರ್ಷಗಟ್ಟಲೆ ಇರುತ್ತದೆ. ಸೂಜಿ ಚುಚ್ಚಿದ ದಿನವೇ ಶಕ್ತಿ ಬರುವುದಿಲ್ಲ, ಎರಡು ಮೂರು ವಾರ ಬೇಕು. ಹಾಗಾಗಿ ಮೇ ಮೊದಲರ್ಧದಲ್ಲೇ ಮುಗಿಸಿಬಿಡಿ. ಇವೆರಡನ್ನೂ ಆರು ತಿಂಗಳು ತುಂಬಿದ ಮೇಲೆ ಕೊಡುತ್ತಾರೆ. ನಿಮ್ಮ ಕರುವಿಗೆ ಮೇನಲ್ಲಿ ಸರಿಯಾಗಿ ಆರು. ಜನವರಿಯಲ್ಲಿ ಹುಟ್ಟಿದ್ದರೆ ಕಷ್ಟವಾಗುತ್ತಿತ್ತು. ಅಂಥ ಕರುವನ್ನು ನಾವು ಮಳೆಗಾಲದಲ್ಲಿ ಮೇಯಲು ಬಿಡದೆ ಕೊಟ್ಟಿಗೆಯಲ್ಲೇ ಸಾಕುತ್ತೇವೆ.

ಕಾಲುಬಾಯಿ ರೋಗಕ್ಕೆ ನಾಲ್ಕು ತಿಂಗಳಿಗೆ ಒಂದು, ತಿಂಗಳು ಬಿಟ್ಟು ಇನ್ನೊಂದು, ಆಮೇಲೆ ಆರು ತಿಂಗಳಿಗೊಮ್ಮೆ. ನಿಮಗೆ ಮಾರ್ಚ್, ಏಪ್ರಿಲ್. ಬೇಗ ಕೊಡಿ ಅಂತ ಅವಸರ ಮಾಡಬೇಡಿ. ಗಿಣ್ಣುಹಾಲಿನಿಂದ ಬಂದ ಕಾವಲು ಕರುವಿನ ಮೈಯಲ್ಲಿ ಇರುವಾಗ ಲಸಿಕೆ ಸರಿಯಾಗಿ ಹತ್ತುವುದಿಲ್ಲ. ಜಂತಿನ ಔಷಧಿ ಮಾತ್ರ ಲಸಿಕೆಗೆ ಎರಡು ವಾರ ಮೊದಲೇ ಕುಡಿಸಿ.

ಕರು ಹೆಣ್ಣಾದರೆ ಕಂದು ರೋಗದ (ಬ್ರುಸೆಲ್ಲೋಸಿಸ್) ಲಸಿಕೆ ಖಂಡಿತ ಬೇಕು. ಈ ರೋಗ ಬಂದರೆ ಗಬ್ಬದ ದನ ಕಂದು ಹಾಕುತ್ತದೆ, ಅಂದರೆ ದಿನ ತುಂಬುವ ಮೊದಲೇ ಗಬ್ಬ ಇಳಿಯುತ್ತದೆ, ಮನುಷ್ಯರಿಗೂ ಹರಡುತ್ತದೆ. ಲಸಿಕೆ ನಾಲ್ಕರಿಂದ ಎಂಟು ತಿಂಗಳ ಒಳಗೆ, ಜೀವನದಲ್ಲಿ ಒಂದೇ ಸಲ. ಗಂಡಿಗೆ ಇಲ್ಲ. ನಮ್ಮ ಕೆಂಪಿ ಹುಟ್ಟಿದ ದಿನ ನಾನು ಬರೆದಿಟ್ಟಿರಲಿಲ್ಲ. ಡಾಕ್ಟರ್ ಬಂದು ನೋಡಿ, ಎಂಟು ತಿಂಗಳು ದಾಟಿದೆ, ಇನ್ನು ಕೊಡಲು ಬರುವುದಿಲ್ಲ ಅಂದರು. ಅವಳು ಈಗ ಗಬ್ಬ. ರಾತ್ರಿ ಕೊಟ್ಟಿಗೆಯಲ್ಲಿ ಸದ್ದಾದರೂ ನನಗೆ ಎಚ್ಚರವಾಗುತ್ತದೆ. ನಿಮ್ಮ ಕರುವಿಗೆ ಮಾರ್ಚ್‌ನಿಂದ ಜುಲೈ ಒಳಗೆ ಇದನ್ನು ಹಾಕಿಸಿ. ಜೀವಂತ ರೋಗಾಣು ಇರುವ ಲಸಿಕೆ ಅದು, ಸೂಜಿ ನೀವು ಮುಟ್ಟಬೇಡಿ.

ನಮ್ಮ ಕಡೆಯ ಸಣ್ಣ ನಾಟಿ ದನ ಮಲೆನಾಡು ಗಿಡ್ಡ ಗಟ್ಟಿ ಜಾತಿ, ಸುಮ್ನೆ ಯಾಕೆ ಸೂಜಿ ಅನ್ನುವವರು ಇಲ್ಲಿ ಇದ್ದಾರೆ. ಗಿಡ್ಡ ಗಟ್ಟಿ, ನಿಜ. ಆದರೆ ಬೆಟ್ಟದಲ್ಲಿ ಹತ್ತು ಮನೆಯ ದನ ಒಟ್ಟಿಗೆ ಮೇಯುತ್ತವೆ, ಅಲ್ವಾ? ಲಸಿಕೆಯವರು ಬರುವ ಹಿಂದಿನ ಸಂಜೆಯೇ ಕಟ್ಟಿಹಾಕಿ. ಬೆಳಿಗ್ಗೆ ಬಿಟ್ಟರೆ ಮತ್ತೆ ಸಿಗುವುದು ಸಂಜೆಗೇ.

ಕಿವಿಯ ಹನ್ನೆರಡು ಅಂಕಿಯ ಓಲೆ ಹಾಕಿಸಿಕೊಳ್ಳಿ. ಅದು ದೇಶಕ್ಕೆಲ್ಲ ಒಂದೇ ಲೆಕ್ಕ. ಗೋವಾದ ನೆಂಟರಿಂದ ದನ ತಂದಾಗ ನಾವು ಮೊದಲು ನೋಡುವುದು ಆ ನಂಬರನ್ನೇ. ಓಲೆ ಇದ್ದರೂ ಹೊಸ ದನವನ್ನು ಮೂರು ವಾರ ಬೇರೆ ಕಟ್ಟುತ್ತೇವೆ.