ಮೂಗು ತುರಿಸಿದವನೆಲ್ಲ ಕಳ್ಳನಲ್ಲ

ನಮಸ್ಕಾರ.

ಪೆರ್ಲದಿಂದ ನೀವು ಕಳಿಸಿದ ಪತ್ತೇದಾರಿ ಕಥೆ ಓದಿದೆ. ಈಗಿರುವ ಹಾಗೆ ನಮ್ಮ ಪತ್ರಿಕೆಗೆ ಆಗುವುದಿಲ್ಲ. ಹಾಗಂತ ಬದಿಗಿಡುವ ಕಥೆಯೂ ಅಲ್ಲ, ಅದಕ್ಕೇ ಸ್ವಲ್ಪ ಉದ್ದ ಬರೆಯುತ್ತಿದ್ದೇನೆ.

ಉಗ್ರಾಣದಿಂದ ಎರಡು ಚೀಲ ಹಳೆ ಅಡಿಕೆ ಕಾಣೆಯಾಗುತ್ತದೆ. ಎಸ್‌ಐ ಬರುತ್ತಾರೆ. ಅಳಿಯ ಮೂಗು ತುರಿಸಿಕೊಂಡ, ಕಣ್ಣು ಬಲಗಡೆ ಮೇಲಕ್ಕೆ ಹೊರಳಿಸಿದ, ಆದ್ದರಿಂದ ಕಳ್ಳ ಅವನೇ. ಕೆಲಸದವ ಕಣ್ಣಲ್ಲಿ ಕಣ್ಣಿಟ್ಟು ಉತ್ತರ ಕೊಟ್ಟ, ಆದ್ದರಿಂದ ಸಾಚಾ. ಅರ್ಧ ಪುಟದಲ್ಲಿ ಕೇಸು ಮುಗಿಯಿತು. ಸುಮ್ನೆ ಕೇಳುತ್ತೇನೆ, ಅಡಿಕೆ ಧೂಳಿನ ಉಗ್ರಾಣದಲ್ಲಿ ನಿಂತರೆ ಯಾರಿಗಾದರೂ ಮೂಗು ತುರಿಸುವುದಿಲ್ವಾ?

ಸುಳ್ಳು ಹೇಳುವವರು ಕಣ್ಣು ಬಲಗಡೆ ಮೇಲಕ್ಕೆ ಹೊರಳಿಸುತ್ತಾರೆ ಎಂಬ ಆ ಮಾತನ್ನು 2012ರಲ್ಲಿ ಮನಶ್ಶಾಸ್ತ್ರಜ್ಞ ರಿಚರ್ಡ್ ವೈಸ್‌ಮನ್ ಮತ್ತು ಸಂಗಡಿಗರು ಪರೀಕ್ಷೆ ಮಾಡಿ ನೋಡಿದ್ದಾರೆ. ಹುರುಳಿಲ್ಲ. ಅದಕ್ಕೂ ಮೊದಲು, 2006ರಲ್ಲಿ, ಚಾರ್ಲ್ಸ್ ಬಾಂಡ್ ಮತ್ತು ಬೆಲ್ಲಾ ಡಿಪಾಲೊ ಎಂಬ ಮನಶ್ಶಾಸ್ತ್ರಜ್ಞರು ಸುಳ್ಳು ಗುರುತಿಸುವ ಬಗೆಗಿನ ಅಧ್ಯಯನಗಳನ್ನು ಒಟ್ಟು ಹಾಕಿ ಲೆಕ್ಕ ಕೊಟ್ಟರು. ಸುಳ್ಳೋ ನಿಜವೋ ಎಂದು ಜನ ಸರಿಯಾಗಿ ಹೇಳುವುದು ಸರಾಸರಿ ಶೇ. 54. ನಾಣ್ಯ ಚಿಮ್ಮಿದರೂ 50 ಸಿಗುತ್ತದೆ. ಈ ಕೆಲಸವೇ ಕಸುಬಾದವರೂ ಇದಕ್ಕಿಂತ ಜಾಸ್ತಿಯೇನೂ ಗೆದ್ದಿಲ್ಲ.

ನನಗೆ ಹೆಚ್ಚು ಬೇಸರವಾದದ್ದು ಬೇರೆ ಕಡೆ. ನಿಮ್ಮ ಎಸ್‌ಐ ಕಣ್ಣೂರಿನವರು, ಕೇಳುವುದು ಮಲಯಾಳದಲ್ಲಿ. ಕೆಲಸದವನ ಮನೆಮಾತು ತುಳು. ಪೊಲೀಸರ ಎದುರು ಅವನು ಅಷ್ಟು ಪಟಪಟ ಮಾತಾಡುತ್ತಾನಾ? ಕಾಸರಗೋಡಿನ ನಾವು ಆಫೀಸಿನ ಕಿಟಕಿಯ ಮುಂದೆ ಮಲಯಾಳದ ಒಂದು ಶಬ್ದಕ್ಕೆ ತಡಕಾಡಿದವರು. ಗೊತ್ತಿದ್ದ ಶಬ್ದವೂ ಹೆದರಿಕೆಗೆ ಬಾಯಿಗೆ ಬರುವುದಿಲ್ಲ. ಅವನು ತಡವರಿಸುತ್ತಾನೆ, ನೆಲ ನೋಡುತ್ತಾನೆ, ಒಂದು ಸಲ ಧಣಿಗಳ ಮುಖ ನೋಡುತ್ತಾನೆ. ಎಸ್‌ಐಗೆ ಅನುಮಾನ ಹುಟ್ಟಬೇಕಾದ್ದು ಅವನ ಮೇಲೆ. ಮಲಯಾಳ ಸರಾಗವಾಗಿ ಬರುವ ಅಳಿಯ ಪಕ್ಕದಲ್ಲಿ ಆರಾಮಾಗಿ ನಿಂತಿರಲಿ. ನಿಮ್ಮ ಕಥೆ ಅಲ್ಲಿದೆ, ನೀವು ಅದನ್ನು ದಾಟಿಕೊಂಡು ಹೋಗಿದ್ದೀರಿ.

ಹಾಗಾದರೆ ಅಳಿಯ ಸಿಕ್ಕಿಬೀಳುವುದು ಹೇಗೆ? ದಾರಿಯನ್ನು ಎರಡನೇ ಪುಟದಲ್ಲಿ ನೀವೇ ಇಟ್ಟಿದ್ದೀರಿ. ಆ ಸಂಜೆ ದಿಢೀರ್ ಮಳೆ. ಅಂಗಳದ ಅಡಿಕೆಗೆ ಟರ್ಪಾಲು ಎಳೆಯಲು ಮನೆಮಂದಿಯೆಲ್ಲ ಓಡುತ್ತಾರೆ. ಅಳಿಯ ಆಗ ಚೀಲ ಹೇರಿಕೊಂಡು ಬದಿಯಡ್ಕದ ದಾರಿಯಲ್ಲಿದ್ದ, ಆದರೆ ಮನೆಯಲ್ಲೇ ಇದ್ದೆ ಅನ್ನುತ್ತಾನೆ. ಎಸ್‌ಐ ತಾವಾಗಿ ಮಳೆಯ ಸುದ್ದಿ ಎತ್ತಬಾರದು. ಸಂಜೆ ಏನೇನಾಯಿತು ಹೇಳಿ ಎಂದು ಅವನಿಗೇ ಬಿಡಲಿ. ಆಮೇಲೆ ರಾತ್ರಿ ಊಟದಿಂದ ಹಿಂದಕ್ಕೆ ಹೇಳಿಸಲಿ. ಕಟ್ಟಿದ ಕಥೆಯನ್ನು ಹಿಂದಿನಿಂದ ಹೇಳುವುದು ಕಷ್ಟ, ನೆನೆಸದ ಪ್ರಶ್ನೆ ಬಂದರೆ ಇನ್ನೂ ಕಷ್ಟ. ಆಲ್ಡರ್ಟ್ ವ್ರೈ ಎಂಬ ಮನಶ್ಶಾಸ್ತ್ರಜ್ಞರು ಈ ಬಗೆಯ ವಿಚಾರಣೆಯ ಮೇಲೆ ತುಂಬ ಕೆಲಸ ಮಾಡಿದ್ದಾರೆ. ಕೊನೆಗೆ ಒಂದೇ ಪ್ರಶ್ನೆ: "ಟರ್ಪಾಲಿನ ಬಾವಿಕಟ್ಟೆ ಕಡೆಯ ತುದಿ ಹಿಡಿದದ್ದು ಯಾರು?" ಮಳೆ ಬಂದದ್ದು ಅವನಿಗೂ ಗೊತ್ತು, ಇದು ಗೊತ್ತಿಲ್ಲ.

ಸುಳ್ಳು ಪತ್ತೆ ಯಂತ್ರಕ್ಕೆ ಬಲವಂತವಾಗಿ ಕೂರಿಸುವ ದೃಶ್ಯ ತೆಗೆದುಬಿಡಿ. ಒಪ್ಪಿಗೆಯಿಲ್ಲದೆ ಕೂಡದು ಎಂದು ಸುಪ್ರೀಂ ಕೋರ್ಟು 2010ರಲ್ಲೇ ಸೆಲ್ವಿ ಕೇಸಿನಲ್ಲಿ ಹೇಳಿದೆ. ಆ ಯಂತ್ರ ಅಳೆಯುವುದೂ ಉಸಿರು, ರಕ್ತದೊತ್ತಡ, ಬೆವರು ಅಷ್ಟೇ. ಹೆದರಿದ ಕೆಲಸದವನೇ ಅಲ್ಲೂ ಸಿಕ್ಕಿಬಿದ್ದಾನು.

ಅವನ ತುಳು ಮಾತು ಹಾಗೇ ಇರಲಿ, ಪಕ್ಕದಲ್ಲಿ ಅರ್ಥ ಬರೆಯಬೇಡಿ. ನಮ್ಮ ಓದುಗರಿಗೆ ತಿಳಿಯುತ್ತದೆ. ತಿದ್ದಿದ ಪ್ರತಿಯನ್ನು ಟೈಪ್ ಮಾಡಿ ಕಳಿಸಿ, ಮೊಬೈಲಿನಲ್ಲಿ ತೆಗೆದ ಫೋಟೊ ಬೇಡ.