ನಲವತ್ತು ಪುಟ ಓದಿ ಮುಚ್ಚಿಟ್ಟ ಪುಸ್ತಕ

ಅರಸೀಕೆರೆ ಕಡೆಯ ನಿವೃತ್ತ ಲೆಕ್ಕದ ಮೇಷ್ಟ್ರೊಬ್ಬರು ನಮ್ಮ ಪತ್ರಿಕೆಗೆ ಪತ್ರ ಬರೆದಿದ್ದಾರೆ. ಬೆಂಗಳೂರಿಗೆ ಮಗಳ ಮನೆಗೆ ಬಂದಿದ್ದಾಗ ಒಂದು ಚಿತ್ರ ಪ್ರದರ್ಶನಕ್ಕೆ ಹೋದರಂತೆ, ಒಂದೂ ಅರ್ಥವಾಗಲಿಲ್ಲವಂತೆ. ವಾಪಸ್ ಬರುವಾಗ ಆಧುನಿಕ ಕಲೆಯ ಮೇಲೆ ಒಂದು ದಪ್ಪ ಪುಸ್ತಕ ಕೊಂಡರು. ನಲವತ್ತು ಪುಟ ಓದಿದರು. ಅದು ಚಿತ್ರಕ್ಕಿಂತ ಕಷ್ಟ. "ಇದು ನಿಜವಾಗಿ ಅರ್ಥವಾಗುವ ವಿಷಯವಾ, ಇಲ್ಲಾ ಎಲ್ಲರೂ ಅರ್ಥವಾದ ಹಾಗೆ ನಟಿಸುತ್ತಾರಾ? ಅರ್ಥವಾಗುತ್ತದೆ ಅನ್ನುವುದಾದರೆ ಯಾವ ಪುಸ್ತಕದಿಂದ ಶುರು ಮಾಡಲಿ?" ಇದು ಅವರ ಪ್ರಶ್ನೆ.

ಮೇಷ್ಟ್ರೇ,

ಮೊದಲು ನಟನೆಯ ವಿಷಯ. ಇದೆ, ಜಾಸ್ತಿಯೇ ಇದೆ. ನಮ್ಮ ಪತ್ರಿಕೆಯಲ್ಲೇ 'ಅಮೂರ್ತ ಅವಕಾಶದಲ್ಲಿ ವರ್ಣಗಳ ಅನುಸಂಧಾನ' ಅಂತೆಲ್ಲ ಅಚ್ಚಾಗಿದೆ. ಅದನ್ನು ಓದಿ, ಅರ್ಥವಾಗದೆ, ಕೇಳಲು ನಾಚಿಕೆಯಾಗಿ ಹಾಗೇ ಪ್ರೆಸ್ಸಿಗೆ ಕಳಿಸಿದವನು ನಾನೇ. ಆದ್ದರಿಂದ ಪುಸ್ತಕ ಮುಚ್ಚಿಟ್ಟದ್ದಕ್ಕೆ ನೀವು ಬೇಜಾರು ಮಾಡಿಕೊಳ್ಳಬೇಡಿ.

ಆದರೆ 'ಇಷ್ಟಕ್ಕೆ ಇಷ್ಟೊಂದು ದುಡ್ಡಾ' ಅಂತ ಪತ್ರದಲ್ಲಿ ಇನ್ನೊಂದು ಕಡೆ ಕೇಳಿದ್ದೀರಲ್ಲ, ಅದಕ್ಕೆ ಒಂದು ಕೋರ್ಟ್ ಕೇಸಿನ ಕಥೆ ಹೇಳಲೇಬೇಕು. 1877ರಲ್ಲಿ ಲಂಡನ್ನಿನ ಒಂದು ಗ್ಯಾಲರಿಯಲ್ಲಿ ವಿಸ್ಲರ್ ಎಂಬ ಅಮೆರಿಕನ್ ಚಿತ್ರಕಾರ ಒಂದು ರಾತ್ರಿಯ ಚಿತ್ರ ಇಟ್ಟಿದ್ದ. ಕತ್ತಲೆ, ಹೊಗೆ, ಅದರೊಳಗೆ ಉದುರುತ್ತಿರುವ ಬಾಣಬಿರುಸಿನ ಕಿಡಿಗಳು, ಅಷ್ಟೇ. ಬೆಲೆ 200 ಗಿನಿ (ಗಿನಿ ಅಂದರೆ ಒಂದು ಪೌಂಡಿಗಿಂತ ಸ್ವಲ್ಪ ಜಾಸ್ತಿ). ಆ ಕಾಲದ ಅತಿ ದೊಡ್ಡ ವಿಮರ್ಶಕ ಜಾನ್ ರಸ್ಕಿನ್ ಅದನ್ನು ನೋಡಿ, ಜನರ ಮುಖಕ್ಕೆ ಒಂದು ಕುಡಿಕೆ ಬಣ್ಣ ಎರಚಿ 200 ಗಿನಿ ಕೇಳುತ್ತಾನಲ್ಲ ಎಂದು ಬರೆದುಬಿಟ್ಟ. ವಿಸ್ಲರ್ ಮಾನನಷ್ಟ ಮೊಕದ್ದಮೆ ಹೂಡಿದ. ಎರಡು ದಿನದ ಕೆಲಸಕ್ಕೆ ಇಷ್ಟು ದುಡ್ಡಾ ಎಂದು ಎದುರು ವಕೀಲರು ಕೇಳಿದಾಗ, ಅಲ್ಲ, ಇಡೀ ಬದುಕಿನಲ್ಲಿ ಕಲಿತದ್ದಕ್ಕೆ ಅಂದ. 1878ರಲ್ಲಿ ಗೆದ್ದ. ಪರಿಹಾರ ಎಷ್ಟು ಗೊತ್ತಾ? ಒಂದು ಫಾರ್ದಿಂಗ್, ಅಂದರೆ ಕಾಲು ಪೆನ್ನಿ! ಖರ್ಚು ಮೈಮೇಲೆ ಬಿದ್ದು ಮುಂದಿನ ವರ್ಷ ದಿವಾಳಿಯಾದ.

ನನಗೆ ಇದರಲ್ಲಿ ಇಷ್ಟವಾಗುವುದು ತೀರ್ಪಲ್ಲ, ರಸ್ಕಿನ್ನನ ಹಳೇ ಕಥೆ. 1842ರಲ್ಲಿ ಟರ್ನರ್ ಎಂಬ ಇಂಗ್ಲಿಷ್ ಚಿತ್ರಕಾರ ಬರೆದ ಸಮುದ್ರದ ಬಿರುಗಾಳಿಯ ಚಿತ್ರವನ್ನು ಜನ ಸೋಪಿನ ನೊರೆ, ಸುಣ್ಣದ ನೀರು ಎಂದು ಆಡಿಕೊಂಡಿದ್ದರು. ಮರುವರ್ಷವೇ ಟರ್ನರ್ ಪರವಾಗಿ 'ಮಾಡರ್ನ್ ಪೇಂಟರ್ಸ್' ಎಂಬ ಪುಸ್ತಕದ ಮೊದಲ ಸಂಪುಟ ಬಂತು. ಬರೆದವನಿಗೆ ಆಗ 24 ವರ್ಷ. ಅವನೇ ಈ ರಸ್ಕಿನ್! ಮೋಡ ಹೇಗಿರುತ್ತದೆ, ಅಲೆ ಹೇಗೆ ಒಡೆಯುತ್ತದೆ ಎಂದು ಸ್ವತಃ ನೋಡಿ ನೋಡಿ, ಟರ್ನರ್ ಬರೆದದ್ದು ಸರಿ ಎಂದು ವಾದಿಸಿದ್ದ. ಅಂಥವನೇ 34 ವರ್ಷ ಆದಮೇಲೆ, ಹಿಂದೆ ಟರ್ನರನನ್ನು ಆಡಿಕೊಂಡವರ ಸಾಲಿಗೆ ಹೋಗಿ ನಿಂತ. ಹಾಗಾಗಿ ನೀವು ಆ ಪ್ರಶ್ನೆ ಕೇಳಿದ್ದರಲ್ಲಿ ದಡ್ಡತನ ಏನೂ ಇಲ್ಲ, ನಿಮ್ಮ ಜೊತೆಗೆ ಭಾರಿ ಜನ ಇದ್ದಾರೆ.

ಈಗ ಪುಸ್ತಕ. ನಿಮಗೆ ಮೊದಲು ಇಂಗ್ಲಿಷ್ ಕಲಾ ವಿಮರ್ಶಕ ಜಾನ್ ಬರ್ಜರ್ ಬರೆದ 'ವೇಸ್ ಆಫ್ ಸೀಯಿಂಗ್' ಸಾಕು. 1972ರಲ್ಲಿ ಬಿಬಿಸಿಯಲ್ಲಿ ನಾಲ್ಕು ಕಂತಾಗಿ ಬಂದು, ಅದೇ ವರ್ಷ ಪುಸ್ತಕವಾಯಿತು. ತೆಳ್ಳಗಿದೆ. ಏಳು ಅಧ್ಯಾಯ, ಅದರಲ್ಲಿ ಮೂರರಲ್ಲಿ ಬರೀ ಚಿತ್ರ, ಮಾತೇ ಇಲ್ಲ! ಅದರಲ್ಲಿ ಒಂದು ಆಟ ಬರುತ್ತದೆ. ಡಚ್ ಚಿತ್ರಕಾರ ವ್ಯಾನ್ ಗೋನ ಗೋಧಿ ಹೊಲ, ಮೇಲೆ ಹಾರುವ ಕಾಗೆಗಳು. ಸ್ವಲ್ಪ ಹೊತ್ತು ನೋಡಿ ಅನ್ನುತ್ತಾನೆ ಬರ್ಜರ್. ಪುಟ ತಿರುಗಿಸಿದರೆ ಅದೇ ಚಿತ್ರ, ಕೆಳಗೆ ಒಂದು ಸಾಲು: ಸಾಯುವ ಮೊದಲು ಅವನು ಬರೆದ ಕೊನೆಯ ಚಿತ್ರ ಇದು. ತಕ್ಷಣ ಕಾಗೆಗಳೇ ಬೇರೆಯಾಗಿ ಕಾಣುತ್ತವೆ. ಮಜಾ ಏನೆಂದರೆ, ಅದು ಕೊನೆಯ ಚಿತ್ರವಲ್ಲ ಅಂತ ಆಮ್‌ಸ್ಟರ್‌ಡ್ಯಾಮಿನ ವ್ಯಾನ್ ಗೋ ಮ್ಯೂಸಿಯಮ್ಮಿನವರೇ ಹೇಳುತ್ತಾರೆ, ಮರದ ಬೇರುಗಳ ಚಿತ್ರ ಕೊನೆಯದಿರಬೇಕಂತೆ. ತಪ್ಪು ಸಾಲೂ ಕಣ್ಣನ್ನು ಅಷ್ಟು ಜೋರಾಗಿ ಎಳೆಯಿತು ನೋಡಿ.

ನಿಮ್ಮ ಊರಿಗೆ ಹಳೇಬೀಡು ದೂರವಿಲ್ಲ. ರಾವಣ ಕೈಲಾಸ ಎತ್ತುವ ಶಿಲ್ಪದ ಮುಂದೆ ಮಕ್ಕಳನ್ನು ನಿಲ್ಲಿಸಿ ಕಥೆ ಹೇಳಿರುತ್ತೀರಿ, ಎಲ್ಲರಿಗೂ 'ಅರ್ಥವಾಗಿ' ಮುಂದೆ ಹೋಗಿರುತ್ತಾರೆ. ಆದರೆ ಅರ್ಥವಾದದ್ದು ಕಥೆ ಅಲ್ವಾ? ಬೆಟ್ಟದೊಳಗೆ ಎಷ್ಟು ಪ್ರಾಣಿಗಳನ್ನು ತುಂಬಿದ್ದಾರೆ, ಗೋಡೆಯ ತಳದಲ್ಲಿ ಆನೆಗಳ ಸಾಲನ್ನೇ ಯಾಕಿಟ್ಟರು, ಇದನ್ನು ಯಾರು ನೋಡಿದರು? ಆಧುನಿಕ ಚಿತ್ರ ಕಥೆ ತೆಗೆದುಬಿಟ್ಟಿತು, ನಮಗೆ ಹಿಡಿದುಕೊಳ್ಳಲು ಏನೂ ಸಿಗದೆ ಗಾಬರಿಯಾಯಿತು. ನನಗೆ ತಿಳಿದಿರುವುದು ಇಷ್ಟು.

ಆಮೇಲೆ ಬೇಕಾದರೆ ಕಲಾ ಇತಿಹಾಸಕಾರ ಗೊಂಬ್ರಿಕ್ ಬರೆದ 'ದಿ ಸ್ಟೋರಿ ಆಫ್ ಆರ್ಟ್', 1950ರದ್ದು. ಪುಸ್ತಕದಲ್ಲಿ ಚಿತ್ರ ಹಾಕಲು ಆಗದ ಕೃತಿಯ ಬಗ್ಗೆ ಆದಷ್ಟೂ ಬರೆಯುವುದಿಲ್ಲ ಎಂದು ಅವರು ಹಾಕಿಕೊಂಡ ನಿಯಮವೇ ನನಗೆ ಇಷ್ಟ. ತಕರಾರೂ ಇದೆ, ಮೊದಲ ಮುದ್ರಣದಲ್ಲಿ ಒಬ್ಬ ಹೆಂಗಸು ಬರೆದ ಚಿತ್ರವೂ ಇರಲಿಲ್ಲ. ನಮ್ಮವರಲ್ಲಿ ಕೆ.ಜಿ. ಸುಬ್ರಮಣ್ಯನ್ ಅವರ 'ಮೂವಿಂಗ್ ಫೋಕಸ್' ಓದಿ. ಅವರು ಚಿತ್ರ ಬರೆದವರು, ಆಟಿಕೆ ಮಾಡಿದವರು, ಶಾಂತಿನಿಕೇತನದಲ್ಲಿ ಕಲಿತು ಬರೋಡಾದಲ್ಲಿ ಪಾಠ ಹೇಳಿದವರು, ಕೈಯಲ್ಲಿ ಮಾಡಿದವರ ಮಾತಿನ ಧಾಟಿಯೇ ಬೇರೆ. ಕಲಾ ವಿಮರ್ಶಕಿ ಗೀತಾ ಕಪೂರ್ ಅವರ ಬರಹ ದೊಡ್ಡದು, ಆದರೆ ಈಗಲೇ ಬೇಡ, ನಿಮ್ಮ ದಪ್ಪ ಪುಸ್ತಕದ ಗತಿಯೇ ಆದೀತು.

ಇನ್ನೊಂದು ಮಾತು. ಪತ್ರದ ಕೊನೆಯಲ್ಲಿ, ಪ್ರದರ್ಶನದ ಒಂದು ಕಪ್ಪು ಚಿತ್ರದಲ್ಲಿ ಎಡಗಡೆ ಇದ್ದ ಕೆಂಪು ಪಟ್ಟಿ ಕಂಡು ಯಾಕೋ ಒಣಹಾಕಿದ ಸೀರೆಯ ಅಂಚು ನೆನಪಾಯಿತು ಅಂತ ಬರೆದು, 'ಇದನ್ನು ಬಿಡಿ' ಅಂದಿದ್ದೀರಿ. ಯಾಕೆ ಬಿಡಬೇಕು? ಪತ್ರದಲ್ಲಿ ನನಗೆ ಚಿತ್ರ ಕಂಡದ್ದು ಅಲ್ಲೊಂದೇ ಕಡೆ. ಅಂಚು ಯಾಕೆ ನೆನಪಾಯಿತು, ಬಣ್ಣ ಹಾಗಿತ್ತಾ, ಅಗಲವಾ, ಇಲ್ಲಾ ಇಳಿಬಿದ್ದ ರೀತಿಯಾ? ಅದನ್ನು ಹತ್ತು ಸಾಲಿನಲ್ಲಿ ಬರೆದು ಕಳಿಸಿ, 'ಅನುಸಂಧಾನ' ಮಾತ್ರ ಬೇಡ. ಬರ್ಜರ್ ಪುಸ್ತಕ ನನ್ನ ಹತ್ತಿರ ಎರಡು ಇವೆ, ಒಂದನ್ನು ಅಂಚೆಗೆ ಹಾಕುತ್ತಿದ್ದೇನೆ. ಅಂಚಿನಲ್ಲೆಲ್ಲ ನನ್ನ ಪೆನ್ಸಿಲ್ ಗೀಚು ಇದೆ, ಅಳಿಸಿಕೊಳ್ಳಿ.

– ಸಂಪಾದಕ