ಪ್ರತಿಕ್ರಿಯೆ: ಕ್ಯಾನ್‌ಕೂನ್‌ನಿಂದ ಒಂದೇ ದಿನದಲ್ಲಿ ಚಿಚೆನ್ ಇಟ್ಜಾ, ಸೆನೋಟೆ

ಈಜು ಬಾರದ ಅಮ್ಮನನ್ನು ಕರೆದುಕೊಂಡು ಮೆಕ್ಸಿಕೋದ ಕ್ಯಾನ್‌ಕೂನ್‌ನಿಂದ ಒಂದೇ ದಿನದಲ್ಲಿ ಮಾಯಾ ಜನರ ಹಳೆಯ ನಗರ ಚಿಚೆನ್ ಇಟ್ಜಾ ಮತ್ತು ಸೆನೋಟೆ (ನೀರು ತುಂಬಿದ ನೈಸರ್ಗಿಕ ಬಾವಿ) ನೋಡಬಹುದಾ ಅಂತ ಕೇಳಿದ್ದೀರಿ. ಖಂಡಿತ ನೋಡಬಹುದು. ಸುಮಾರು 200 ಕಿಲೋಮೀಟರ್, ಎರಡೂವರೆ ಗಂಟೆ ದಾರಿ. ಟೂರ್ ಆರಿಸುವಾಗ ಬೆಲೆಗಿಂತ ಮೊದಲು ಹೊರಡುವ ಸಮಯ ನೋಡಿ. ಚಿಚೆನ್ ಇಟ್ಜಾದ ಗೇಟು ಬೆಳಿಗ್ಗೆ 8ಕ್ಕೆ ತೆರೆಯುತ್ತದೆ. ಹನ್ನೊಂದರ ನಂತರ ಬಸ್ಸುಗಳ ಸಾಲು, ತಲೆ ಸುಡುವ ಬಿಸಿಲು, ದೊಡ್ಡ ಅಂಗಳದಲ್ಲಿ ನೆರಳೇ ಕಡಿಮೆ. ಅಲ್ಲಿನ ಗಡಿಯಾರ ಕ್ಯಾನ್‌ಕೂನ್‌ಗಿಂತ ಒಂದು ಗಂಟೆ ಹಿಂದೆ ಅನ್ನುವುದು ನೆನಪಿರಲಿ.

ಅಲ್ಲಿನ ದೊಡ್ಡ ಪಿರಮಿಡ್ ಹತ್ತಲು ಈಗ ಬಿಡುವುದಿಲ್ಲ. ಅದಕ್ಕೇ ಒಳ್ಳೆಯ ಗೈಡ್ ಬೇಕು. ನಾಲ್ಕು ಕಡೆ ತಲಾ 91 ಮೆಟ್ಟಿಲು, ತುದಿಯ ಒಂದು ಸೇರಿದರೆ 365. ಎದುರು ನಿಂತು ಚಪ್ಪಾಳೆ ತಟ್ಟಿದರೆ ಹಕ್ಕಿ ಕೂಗಿನಂಥ ಪ್ರತಿಧ್ವನಿ! ಇದನ್ನೆಲ್ಲ ತೋರಿಸುವವರಿಲ್ಲದಿದ್ದರೆ ಸುಮ್ನೆ ಕಲ್ಲು ನೋಡಿ ಬಂದಂತಾಗುತ್ತದೆ.

ಹತ್ತಿರದ ಇಕ್ ಕಿಲ್ ಸೆನೋಟೆ, ಸುಣ್ಣಕಲ್ಲಿನ ಚಾವಣಿ ಕುಸಿದು ಆದ ಬಾವಿ. ನೀರು ನೆಲದಿಂದ ಸುಮಾರು 26 ಮೀಟರ್ ಕೆಳಗಿದೆ. ಆಳ ಜಾಸ್ತಿ, ಕಾಲು ನಿಲ್ಲುವುದಿಲ್ಲ, ಆದರೆ ಲೈಫ್ ಜಾಕೆಟ್ ಸಿಗುತ್ತದೆ. ಅಮ್ಮನಿಗೆ ಮಂಡಿನೋವಿದ್ದರೆ ಒದ್ದೆ ಮೆಟ್ಟಿಲೇ ಕಷ್ಟ. ಮೇಲಿನಿಂದಲೂ ಚೆನ್ನಾಗಿ ಕಾಣುತ್ತದೆ, ಒತ್ತಾಯ ಮಾಡಬೇಡಿ. ಸನ್‌ಸ್ಕ್ರೀನ್ ಹಚ್ಚಿಕೊಂಡು ನೀರಿಗೆ ಇಳಿಯಬೇಡಿ, ಅದು ಆ ಸೀಮೆಯ ಜನ ಕುಡಿಯುವ ಅಂತರ್ಜಲವೇ ಅಲ್ವಾ? ಬುಕ್ ಮಾಡುವ ಮುನ್ನ ಪ್ರವೇಶ ಶುಲ್ಕ ಸೇರಿದೆಯಾ ಅಂತಲೂ ಕೇಳಿ.